ಮಾತ್ರೆ ನುಂಗಿಸುವ ಹೊತ್ತು

ಸಾಕಿದ ಪ್ರಾಣಿಯ ಮೇಲಿನ ಪ್ರೀತಿಯನ್ನು ಬಾಯಲ್ಲಿ ಎಷ್ಟು ಬೇಕಾದರೂ ಹೇಳಿಕೊಳ್ಳಬಹುದು. ಅದರ ತೂಕ ಗೊತ್ತಾಗುವುದು ಪಶುವೈದ್ಯರು ಚೀಟಿ ಬರೆದುಕೊಟ್ಟ ಮೇಲೆ. ದಿನಕ್ಕೆ 2 ಸಲ, 7 ದಿನ ಎಂದು ಗೀಚಲು ಅವರಿಗೆ ಅರೆಕ್ಷಣ ಸಾಕು. ಲೆಕ್ಕ ಹಾಕಿದರೆ 14 ಮಾತ್ರೆ. ಮೊದಲನೆಯದು ಸಲೀಸಾಗಿ ಒಳಗೆ ಹೋಗುತ್ತದೆ, ಎದುರು ಪಕ್ಷಕ್ಕೆ ಇನ್ನೂ ವಿಷಯ ಗೊತ್ತಿಲ್ಲವಲ್ಲ! ಎರಡನೆಯದರ ಹೊತ್ತಿಗೆ ಮಾತ್ರೆಯ ಹಾಳೆ ಚರಕ್ ಎಂದದ್ದೇ ತಡ, ಬೆಕ್ಕು ಮಂಚದಡಿ ಕೈಗೆಟುಕದ ಮೂಲೆ ಸೇರಿರುತ್ತದೆ.

ಹಟ ಹಿಡಿದ ಮಗುವಿಗಾದರೆ ನಾಳೆ ವಾಸಿಯಾಗುತ್ತದೆ ಅಂತ ಪುಸಲಾಯಿಸಬಹುದು. ಬೆಕ್ಕಿಗೆ ನಾಳೆಯ ಆಸೆ ತೋರಿಸುವುದು ಹೇಗೆ? ಅದಕ್ಕೆ ತಿಳಿಯುವುದು ಇಷ್ಟೇ: ದಿನಾ ಊಟ ಹಾಕುವ ಕೈ ಇವತ್ತು ದವಡೆ ಹಿಡಿದು ಕಹಿ ತುರುಕಿತು. ಪ್ರಾಣಿಗಳು ಯೋಚಿಸಬಲ್ಲವೇ, ಮಾತಾಡಬಲ್ಲವೇ ಎಂಬುದಲ್ಲ, ನೋವು ಪಡಬಲ್ಲವೇ ಎಂಬುದೇ ಪ್ರಶ್ನೆ ಎಂದು 1789ರಲ್ಲಿ ಇಂಗ್ಲೆಂಡಿನ ತತ್ವಜ್ಞಾನಿ ಜೆರೆಮಿ ಬೆಂಥಮ್ ಬರೆದದ್ದು ಸರಿಯೇ. ಆದರೆ ಮಾತ್ರೆ ಹಿಡಿದು ನಿಂತವರಿಗೆ ಅವು ಮಾತಾಡಲಾರವು ಎಂಬುದೂ ಸಣ್ಣ ತೊಂದರೆಯಲ್ಲ. ಒಳ್ಳೆಯದು ಮಾಡುತ್ತಿದ್ದೇವೆ ಎಂದು ನಮಗೆ ಮಾತ್ರ ಗೊತ್ತು. ಅಂಥ ಕಡೆ ಉಳಿಯುವ ದಾರಿ ಎರಡು, ಮೋಸ ಇಲ್ಲವೇ ಜುಲುಮೆ.

ನಾಯಿಯ ಜೊತೆ ಮೋಸವೇ ವಾಸಿ. ಅದಕ್ಕೆ ಮೂರು ತುತ್ತಿನ ಲೆಕ್ಕವಿದೆ. ಅದು ಪ್ರಾಣ ಬಿಡುವಂಥ ತಿಂಡಿಯಲ್ಲಿ ಮೂರು ಸಣ್ಣ ಉಂಡೆ ಮಾಡಬೇಕು, ಅಗಿಯದೆ ನುಂಗುವಷ್ಟು ಮೆತ್ತಗಿರಬೇಕು. ಮೊದಲನೆಯದು ಬರೀ ತಿಂಡಿ. ಎರಡನೆಯದರ ಒಳಗೆ ಮಾತ್ರೆ. ಎರಡನೆಯದು ಬಾಯಿಗೆ ಬಿದ್ದ ಕ್ಷಣವೇ ಮೂರನೆಯದು ಮೂಗಿನ ಮುಂದೆ ಬಂದಿರಬೇಕು. ಅದರ ಆಸೆಗೆ ನಾಯಿ ಬಾಯಲ್ಲಿದ್ದುದನ್ನು ಪರೀಕ್ಷೆ ಮಾಡದೆ ಗುಳುಂ ಮಾಡುತ್ತದೆ. ಇಷ್ಟು ಮಾಡಿಯೂ ಸಿಕ್ಕಿಬೀಳುವವರು ಬೀಳುವುದು ಬೆರಳಿನ ವಾಸನೆಯಿಂದ. ಮಾತ್ರೆ ಮುಟ್ಟಿದ ಕೈಯಲ್ಲೇ ಉಂಡೆ ಕಟ್ಟಿದರೆ ಮೂರಕ್ಕೂ ಔಷಧಿಯ ವಾಸನೆ ಹತ್ತುತ್ತದೆ. ಮಾತ್ರೆಗೊಂದು ಕೈ, ತಿಂಡಿಗೊಂದು ಕೈ.

ತಟ್ಟೆ ತುಂಬ ಊಟಕ್ಕೆ ಪುಡಿ ಮಾಡಿ ಕಲಸುವುದು ಎಲ್ಲರಿಗೂ ಮೊದಲು ಹೊಳೆಯುವ ಉಪಾಯ, ಎಲ್ಲಕ್ಕಿಂತ ಕೆಟ್ಟದ್ದೂ ಹೌದು. ಅರ್ಧ ತಿಂದು ಬಿಟ್ಟರೆ ಎಷ್ಟು ಔಷಧಿ ಹೊಟ್ಟೆಗೆ ಹೋಯಿತೆಂದು ಯಾರೂ ಹೇಳಲಾರರು. ಹೊಟ್ಟೆ ದಾಟಿ ಕರುಳಿನಲ್ಲಿ ಕರಗಲೆಂದೇ ಲೇಪ ಹಚ್ಚಿದ ಮಾತ್ರೆಯನ್ನು ಪುಡಿ ಮಾಡಿದರೆ ಆ ಲೇಪ ವ್ಯರ್ಥ. ಅದಕ್ಕಿಂತ ದೊಡ್ಡ ನಷ್ಟ ಬೇರೆಯೇ ಇದೆ. ಕಾಯಿಲೆ ಬಿದ್ದ ಬೆಕ್ಕು ಕಹಿ ಕಂಡ ಊಟವನ್ನೇ ಮುಂದೆ ಮೂಸದೆ ಹೋಗಬಹುದು. ಬೆಕ್ಕು ಕೆಲವು ದಿನ ಪೂರ್ತಿ ಉಪವಾಸ ಬಿದ್ದರೆ, ಅದರಲ್ಲೂ ದಪ್ಪಗಿರುವ ಬೆಕ್ಕಾದರೆ, ಯಕೃತ್ತಿನಲ್ಲಿ ಕೊಬ್ಬು ತುಂಬಿಕೊಂಡು ಜೀವಕ್ಕೇ ಸಂಚಕಾರ. ಬೆಲ್ಲ ಸಕ್ಕರೆ ಸೇರಿಸಿ ಸಿಹಿ ಮಾಡೋಣವೆಂದರೆ ಬೆಕ್ಕಿನ ನಾಲಿಗೆಗೆ ಸಿಹಿಯೇ ತಿಳಿಯದು. ಸಿಹಿ ಗ್ರಹಿಸಲು ಬೇಕಾದ ಒಂದು ಜೀನ್ ಬೆಕ್ಕಿನ ಕುಲದಲ್ಲಿ ಎಂದೋ ಕೆಟ್ಟು ಕೂತಿದೆ. ಕಹಿ ಮಾತ್ರ ಚೆನ್ನಾಗಿ ಗೊತ್ತಾಗುತ್ತದೆ.

ಹೀಗಾಗಿ ಬೆಕ್ಕಿನ ವಿಷಯದಲ್ಲಿ ಕೊನೆಗೆ ಜುಲುಮೆಯೇ ಗತಿ, ಆದರೆ ಚುರುಕಾದ, ಮೃದುವಾದ ಜುಲುಮೆ. ಬೆಕ್ಕು ತಪ್ಪಿಸಿಕೊಳ್ಳುವುದು ಹಿಂದಕ್ಕೆ ಸರಿದು. ಅದಕ್ಕೇ ಮೇಜಿನ ಮೇಲೆ ಕೂರಿಸಿ, ಅದರ ಹಿಂಭಾಗ ನಮ್ಮ ಹೊಟ್ಟೆಗೆ ಆನಿಕೊಳ್ಳುವಂತೆ ನಿಲ್ಲಬೇಕು. ಪರಚುವ ಜಾತಿಯದಾದರೆ ಕುತ್ತಿಗೆಯಿಂದ ಕೆಳಕ್ಕೆ ಟವೆಲ್ ಸುತ್ತಿ. ಎಡಗೈಯನ್ನು ತಲೆಯ ಮೇಲಿನಿಂದ ತಂದು ಹೆಬ್ಬೆರಳು ಒಂದು ಕೆನ್ನೆಯ ಮೂಳೆಗೆ, ಉಳಿದ ಬೆರಳು ಇನ್ನೊಂದಕ್ಕೆ ಕೂರಿಸಿ ಮೂತಿಯನ್ನು ಸೂರಿನತ್ತ ಎತ್ತಿದರೆ ಕೆಳದವಡೆ ತಾನೇ ತುಸು ಸಡಿಲವಾಗುತ್ತದೆ. ಬಲಗೈಯ ನಡುಬೆರಳಿನಿಂದ ಕೆಳಗಿನ ಪುಟ್ಟ ಬಾಚಿಹಲ್ಲುಗಳನ್ನು ಒತ್ತಿ ಬಾಯಿ ತೆರೆಯುವುದು, ಹೆಬ್ಬೆರಳು ತೋರುಬೆರಳ ನಡುವಿನ ಮಾತ್ರೆಯನ್ನು ನಾಲಿಗೆಯ ಉಬ್ಬಿನ ಆಚೆ, ನಟ್ಟ ನಡುವೆ ಬೀಳಿಸುವುದು. ಕೂಡಲೇ ಬಾಯಿ ಮುಚ್ಚಿಸಿ ಮೂತಿಯನ್ನು ಕೆಳಕ್ಕೆ ತರಬೇಕು. ಎತ್ತಿಯೇ ಹಿಡಿದರೆ ನುಂಗಲು ಕಷ್ಟ. ಗಂಟಲು ಸವರುತ್ತಿರುವಾಗ ನಾಲಿಗೆ ಹೊರಬಂದು ಮೂಗು ನೆಕ್ಕಿಕೊಂಡರೆ ಬಹುಮಟ್ಟಿಗೆ ನುಂಗಿತೆಂದೇ ಅರ್ಥ.

ಮಾತ್ರೆ ನಾಲಿಗೆಯ ತುದಿಯಲ್ಲೇ ಉಳಿದರೆ ಕರಗಿ ಕಹಿ ಬಿಟ್ಟು ಬಾಯಿ ತುಂಬ ನೊರೆ ಬರುತ್ತದೆ. ನೋಡಿದವರ ಎದೆ ಧಸಕ್ಕೆನ್ನುತ್ತದೆ, ಆದರೆ ಸಾಮಾನ್ಯವಾಗಿ ಅದು ವಿಷವಲ್ಲ, ರುಚಿಯ ಮೇಲಿನ ಪ್ರತಿಭಟನೆ. ನಿಜವಾಗಿ ಅಂಜಬೇಕಾದದ್ದು ಕಣ್ಣಿಗೆ ಕಾಣದ ಕಡೆ ಇದೆ. ಒಣ ಮಾತ್ರೆ ಬೆಕ್ಕಿನ ಅನ್ನನಾಳದಲ್ಲಿ ನಿಮಿಷಗಟ್ಟಲೆ ಅಂಟಿಕೊಂಡಿರಬಲ್ಲದು. ಡಾಕ್ಸಿಸೈಕ್ಲಿನ್‌ ಎಂಬ ಆಂಟಿಬಯಾಟಿಕ್‌ನಂಥದ್ದು ಅಲ್ಲೇ ಕೂತರೆ ಒಳಪದರ ಸುಟ್ಟು, ಮಾದ ಮೇಲೆ ನಾಳವೇ ಕಿರಿದಾಗಬಹುದು. ಮಾತ್ರೆಯ ಹಿಂದೆಯೇ ಸೂಜಿಯಿಲ್ಲದ ಸಿರಿಂಜಿನಲ್ಲಿ 5-6 ಮಿ.ಲೀ. ನೀರನ್ನು ಕೆನ್ನೆಯ ಪಕ್ಕದಿಂದ, ಒಂದೊಂದೇ ಗುಟುಕು, ನುಂಗಿದಂತೆಲ್ಲ ಕೊಡಬೇಕು. ಗಂಟಲಿಗೆ ನೇರ ಚಿಮ್ಮಿಸಿದರೆ ಶ್ವಾಸನಾಳ ಸೇರುತ್ತದೆ. ದನಕ್ಕೆ ಗೊಟ್ಟ ಹಾಕುವವರ, ಅಂದರೆ ಬಿದಿರಿನ ಕೊಳವೆಯಲ್ಲಿ ಔಷಧಿ ಕುಡಿಸುವವರ ಎಚ್ಚರವೂ ಇದೇ: ತಲೆಯನ್ನು ಅತಿಯಾಗಿ ಮೇಲೆತ್ತಬಾರದು, ನಾಲಿಗೆ ಹೊರಗೆಳೆದು ಹಿಡಿಯಬಾರದು, ಕೆಮ್ಮಿದ ತಕ್ಷಣ ತಲೆ ಕೆಳಗೆ ಬಿಡಬೇಕು.

ಪ್ರೀತಿ ಹೆಚ್ಚಾಗಿ ಮನೆಯವರ ಡಬ್ಬಿಯಿಂದಲೇ ಮಾತ್ರೆ ತೆಗೆದು ಕೊಡುವವರಿದ್ದಾರೆ. ನಮ್ಮ ತಲೆನೋವಿನ 500 ಮಿ.ಗ್ರಾಂ. ಪ್ಯಾರಾಸಿಟಮಾಲ್ ಒಂದೇ ಒಂದು ಸಾಕು, ಬೆಕ್ಕು ಸಾಯಬಹುದು. ಅದರ ಯಕೃತ್ತಿಗೆ ಅದನ್ನು ಅರಗಿಸುವ ಶಕ್ತಿ ಇಲ್ಲ. ನಮ್ಮದೇ ಇನ್ನೊಂದು ನೋವಿನ ಮಾತ್ರೆ ಐಬುಪ್ರೊಫೆನ್ ನಾಯಿಯ ಹೊಟ್ಟೆಯಲ್ಲಿ ಹುಣ್ಣು ಮಾಡುತ್ತದೆ, ಮೂತ್ರಪಿಂಡ ಕೆಡಿಸುತ್ತದೆ. ಈ ಪ್ರೀತಿಗಿಂತ ಉದಾಸೀನವೇ ಮೇಲು.

ಮೋಸ, ಜುಲುಮೆ ಎರಡನ್ನೂ ಒಪ್ಪಿಕೊಂಡಾದ ಮೇಲೂ ಒಂದು ಗೆರೆ ಎಳೆಯಲೇಬೇಕು. ತಿಂಡಿಯಲ್ಲಿ ಸುಳ್ಳು ಹೇಳಬಹುದು, ಕರೆಯುವುದರಲ್ಲಿ ಹೇಳಬಾರದು. ಬೆಕ್ಕುಗಳು ತಮ್ಮ ಹೆಸರನ್ನು ಬೇರೆ ಪದಗಳಿಂದ ಬೇರ್ಪಡಿಸಿ ಗುರುತಿಸುತ್ತವೆ ಎಂದು ಜಪಾನಿನ ಸಂಶೋಧಕರು 2019ರಲ್ಲಿ ತೋರಿಸಿದ್ದಾರೆ. ಗುರುತಿಸಿಯೂ ಬರುವುದಿಲ್ಲ ಎಂಬುದು ಬೇರೆ ಮಾತು. ಮುದ್ದಿನ ದನಿಯಲ್ಲಿ ಹೆಸರು ಹಿಡಿದು ಕರೆದು, ಬಂದ ಕೂಡಲೇ ಬಾಯಿ ತೆರೆಸಿದರೆ ವಾರದೊಳಗೆ ಆ ಹೆಸರು ಓಡಿಹೋಗುವ ಸೂಚನೆಯಾಗುತ್ತದೆ. ಮಾತ್ರೆಯ ಹೊತ್ತಿಗೆ ಕರೆಯದೆ ನಾವೇ ಹೋಗಿ ಎತ್ತಿಕೊಂಡು ಬರಬೇಕು. ಅದು ಮಲಗುವ ಜಾಗದಲ್ಲಿ, ಉಣ್ಣುವ ಜಾಗದಲ್ಲಿ ಈ ಕೆಲಸ ಬೇಡ. ಇದಕ್ಕೆಂದೇ ಒಂದು ಮೇಜು ಇರಲಿ, ಕೆಟ್ಟ ಹೆಸರು ಬಂದರೆ ಮೇಜಿಗೇ ಬರಲಿ.

ಪ್ರಾಣಿ ಆರೋಗ್ಯವಾಗಿದ್ದಾಗಲೇ ಬಾಯಿ ಮುಟ್ಟಿಸಿಕೊಳ್ಳುವ ರೂಢಿ ಹಾಕಿದವರಿಗೆ ಈ ಪಾಡು ಅರ್ಧ ಇಳಿಯುತ್ತದೆ. ಮೊದಲು ತುಟಿಯೆತ್ತಿ ಒಂದು ಚೂರು ತಿಂಡಿ, ಕೆಲವು ದಿನ ಬಿಟ್ಟು ದವಡೆ ತೆರೆದು ಒಂದು ಚೂರು. ನಾಯಿಗೆ ಗಲ್ಲವನ್ನು ಅಂಗೈ ಮೇಲೆ ಇಟ್ಟು ನಿಲ್ಲಲು ಕಲಿಸಬಹುದು. ಗಲ್ಲ ಎತ್ತಿದರೆ ನಾವೂ ಕೈ ತೆಗೆಯುತ್ತೇವೆ ಎಂಬ ಒಪ್ಪಂದ. ಈ ಒಪ್ಪಂದವನ್ನು ನಾಯಿ ಮುರಿಯುವುದು ಕಡಿಮೆ, ಅವಸರದಲ್ಲಿರುವ ಮನುಷ್ಯನೇ ಮುರಿಯುವುದು.

ಇಷ್ಟಾದರೂ ದಿನಾ ಯುದ್ಧವೇ ಆದರೆ ವೈದ್ಯರ ಬಳಿ ಬೇರೆ ದಾರಿ ಕೇಳಲು ಸಂಕೋಚ ಬೇಡ. ಕೆಲವು ಔಷಧಿ ದ್ರವರೂಪದಲ್ಲಿ ಸಿಗುತ್ತದೆ, ಕೆಲವು ಆಂಟಿಬಯಾಟಿಕ್‌ಗಳನ್ನು ಎರಡು ವಾರ ಕೆಲಸ ಮಾಡುವ ಒಂದೇ ಚುಚ್ಚುಮದ್ದಿನಲ್ಲಿ ಮುಗಿಸಬಹುದು, ಬೆಕ್ಕಿನ ಥೈರಾಯ್ಡ್ ಹೆಚ್ಚಾದರೆ ಕಿವಿಯ ಒಳಮೈಗೆ ಸವರುವ ಮುಲಾಮೂ ಇದೆ. ತೀರ ಮುದಿಯಾದ ಪ್ರಾಣಿಯ ವಿಷಯದಲ್ಲಿ ಇನ್ನೊಂದು ಪ್ರಶ್ನೆಯನ್ನೂ ಕೇಳಬೇಕಾಗುತ್ತದೆ: ಈ ಮಾತ್ರೆ ಕೊಡಿಸುವ ನೆಮ್ಮದಿ ಜಾಸ್ತಿಯೋ, ಅದನ್ನು ನುಂಗಿಸುವ ದಿಗಿಲು ಜಾಸ್ತಿಯೋ? ಉತ್ತರ ಎರಡನೆಯದಾದರೆ ನಿಲ್ಲಿಸುವುದೂ ಆರೈಕೆಯೇ, ವೈದ್ಯರನ್ನು ಕೇಳಿ ನಿಲ್ಲಿಸಬೇಕು ಅಷ್ಟೆ.

ಇನ್ನು ಕಸ ಗುಡಿಸುವಾಗ ಸೋಫಾದ ಹಿಂದೆ ಸಿಗುವ ಮಾತ್ರೆಗಳ ಮಾತು. ಬೆಕ್ಕು ದವಡೆಯ ಸಂದಿಯಲ್ಲಿ ಅಡಗಿಸಿಟ್ಟುಕೊಂಡು, ಮೂಗನ್ನೂ ನೆಕ್ಕಿ ತೋರಿಸಿ, ಆಮೇಲೆ ನಿಧಾನವಾಗಿ ಹೋಗಿ ಅಲ್ಲಿ ಉಗುಳಿರುತ್ತದೆ. ತಪ್ಪಿಹೋದದ್ದನ್ನೂ ಸೇರಿಸಿ ಎರಡನ್ನು ಒಟ್ಟಿಗೆ ಕೊಡಬಾರದು. ಎಷ್ಟು ಸಿಕ್ಕವು ಎಂದು ಎಣಿಸಿ ವೈದ್ಯರಿಗೆ ಹೇಳಿ. ಮುಂದಿನ ಸಲ ಬಾಯಿ ಮುಚ್ಚಿಸಿದ ಮೇಲೆ ತುಟಿಯ ಮೂಲೆ ಸರಿಸಿ, ಕೆನ್ನೆಯೊಳಗೆ ಎರಡೂ ಬದಿ ಒಮ್ಮೆ ಇಣುಕಿ ನೋಡಿ.