ನೂರು ದಾಟುವ ಗುಟ್ಟು

ಈ ವಾರವೂ ನನ್ನ ಮೊಬೈಲ್ ದೀರ್ಘಾಯುಷ್ಯದ ಗುಟ್ಟು ಹೇಳಿತು: ನೂರು ದಾಟಿದವರಿಗೆ ಹೆಸರಾದ ಜಪಾನಿನ ಓಕಿನಾವಾ ದ್ವೀಪದವರಂತೆ ಗೆಣಸು ತಿನ್ನಿ. ಹೋದ ವಾರ, ಅದೇ ಖ್ಯಾತಿಯ ಇಟಲಿಯ ಸಾರ್ಡೀನಿಯಾ ದ್ವೀಪದವರಂತೆ ಗುಡ್ಡ ಹತ್ತಿ ಎಂದಿತ್ತು. ಗೆಣಸಿನ ಬಗ್ಗೆ ನನ್ನ ತಕರಾರಿಲ್ಲ. ಸಂಕ್ರಾಂತಿಗೆ ಬೇಯಿಸಿ ತಿನ್ನುತ್ತಲೇ ಬಂದಿದ್ದೇವೆ, ಹೊಟ್ಟೆ ಉಬ್ಬರಿಸಿದ್ದು ಬಿಟ್ಟರೆ ಬೇರೆ ಪವಾಡ ನಡೆದಿಲ್ಲ.

ಮುಪ್ಪನ್ನು ಅಧ್ಯಯನ ಮಾಡುವ ಜೀವವಿಜ್ಞಾನಿಗಳು ಗುಟ್ಟನ್ನು ಜೀವಕೋಶದೊಳಗೆ ಹುಡುಕುತ್ತಾರೆ. ಹಾರ್ವರ್ಡಿನ ಡೇವಿಡ್ ಸಿಂಕ್ಲೇರ್ ಅವರಿಗೆ ಅದು ಕೆಂಪು ವೈನಿನಲ್ಲಿರುವ ರೆಸ್ವೆರಾಟ್ರಾಲ್ ಎಂಬ ರಾಸಾಯನಿಕದಲ್ಲಿ ಕಂಡಿತು. ಅವರು ಪಾಲುದಾರರಾಗಿ ಕಟ್ಟಿದ ಸರ್ಟ್ರಿಸ್ ಕಂಪನಿಯನ್ನು 2008ರಲ್ಲಿ ಔಷಧ ಕಂಪನಿ ಗ್ಲಾಕ್ಸೋದವರು 72 ಕೋಟಿ ಡಾಲರಿಗೆ ಕೊಂಡು, 2013ರಲ್ಲಿ ಬಾಗಿಲು ಹಾಕಿದರು. ಚಿರಯೌವನದ ಕಂಪನಿ ಐದೇ ವರ್ಷಕ್ಕೆ ತೀರಿಕೊಂಡಿತು. 2024ರಲ್ಲಿ ನಾಯಿಗಳ ಸರದಿ. ಅವುಗಳ ಮುಪ್ಪನ್ನೇ ಹಿಂದಕ್ಕೆ ತಿರುಗಿಸುತ್ತೇವೆಂಬ ಪ್ರಚಾರಕ್ಕೆ ಸಹವಿಜ್ಞಾನಿಗಳೇ ಸಿಡಿಮಿಡಿಗೊಂಡರು, ಸಿಂಕ್ಲೇರ್ ಮುಪ್ಪಿನ ಸಂಶೋಧಕರ ಅಕಾಡೆಮಿಯ ಅಧ್ಯಕ್ಷಗಿರಿ ಬಿಟ್ಟರು. ನಾಯಿಗಳು ಹೇಳಿಕೆ ಕೊಟ್ಟಿಲ್ಲ.

ಅಸಲಿ ಗುಟ್ಟು ಇದ್ದದ್ದು ಗುಮಾಸ್ತರ ಮೇಜಿನ ಮೇಲೆ. ಅಮೆರಿಕದ ರಾಜ್ಯಗಳಲ್ಲಿ ಜನನ ನೋಂದಣಿ ಶುರುವಾದದ್ದೇ ತಡ, ದಾಖಲೆಯಲ್ಲಿ 110 ದಾಟಿದವರ ಸಂಖ್ಯೆ ಮೂರನೇ ಎರಡು ಭಾಗಕ್ಕೂ ಹೆಚ್ಚು ಕುಸಿಯಿತೆಂದು ಸಂಶೋಧಕ ಸಾಲ್ ನ್ಯೂಮನ್ ತೋರಿಸಿದರು. ಜನನ ಪ್ರಮಾಣಪತ್ರದಷ್ಟು ಮಾರಕ ರೋಗ ಇನ್ನೊಂದಿಲ್ಲ! ಶತಾಯುಷಿಗಳ ಊರುಗಳ ಪ್ರಚಾರಕರು ‘ನಾವು ವಯಸ್ಸು ಪರಿಶೀಲಿಸಿದ್ದೇವೆ’ ಎಂದು ಇನ್ನೂ ಜಗಳವಾಡುತ್ತಿದ್ದಾರೆ. ನ್ಯೂಮನ್ ಅವರಿಗೆ 2024ರ ಇಗ್ ನೊಬೆಲ್ ಬಂತು, ಮೊದಲು ನಗಿಸಿ ಆಮೇಲೆ ಯೋಚನೆಗೆ ಹಚ್ಚುವ ಕೆಲಸಕ್ಕೆ ಕೊಡುವ ತಮಾಷೆಯ ಪ್ರಶಸ್ತಿ.

ಟೋಕಿಯೋದ ಸೋಗೆನ್ ಕಾಟೋ ಅವರ ಕಥೆ ಕೇಳಿ. 2010ರಲ್ಲಿ ನಗರದ ಅತ್ಯಂತ ಹಿರಿಯ ಗಂಡಸನ್ನು, ದಾಖಲೆಯಂತೆ 111 ವರ್ಷದವರನ್ನು, ಕಾಣಲು ಅಧಿಕಾರಿಗಳು ಹೋದರು. ಒಳಗೆ ಸಿಕ್ಕಿದ್ದು ಒಣಗಿದ ಶವ. ಸತ್ತು ಮೂವತ್ತು ವರ್ಷ ದಾಟಿತ್ತು. ಪಿಂಚಣಿ ಮಾತ್ರ ಆರೋಗ್ಯವಾಗಿತ್ತು. ಆಮೇಲೆ ದೇಶವಿಡೀ ಹುಡುಕಿದರೆ, ಕುಟುಂಬ ನೋಂದಣಿಯಲ್ಲಿ ನೂರು ದಾಟಿ ‘ಬದುಕಿದ್ದ’ 2,30,000ಕ್ಕೂ ಹೆಚ್ಚು ಮಂದಿ ಎಲ್ಲಿದ್ದಾರೆಂದು ಯಾರಿಗೂ ತಿಳಿಯದು.

ನಾವೇನು ಕಡಿಮೆಯೇ? ಉತ್ತರಪ್ರದೇಶದ ಲಾಲ್ ಬಿಹಾರಿ 1975ರಿಂದ 1994ರವರೆಗೆ ಸರ್ಕಾರಿ ಕಾಗದದಲ್ಲಿ ಸತ್ತಿದ್ದರು. ಜಮೀನಿಗಾಗಿ ನೆಂಟರೇ ಮಾಡಿಸಿದ ಸಾವು. ಅವರು ಹೆಸರಿಗೆ ‘ಮೃತಕ’ ಎಂದು ಸೇರಿಸಿಕೊಂಡು, ಇಂಥ ಸತ್ತವರದೇ ಸಂಘ ಕಟ್ಟಿದರು. 2003ರಲ್ಲಿ ಅವರಿಗೂ ಇಗ್ ನೊಬೆಲ್ ಬಂತು, ಶಾಂತಿಗೆ.

ಇಲ್ಲಿಯವರೆಗೆ ನಗಬಹುದು. ನವೆಂಬರಿನಲ್ಲಿ ಎದುರುಮನೆಯ ನಿವೃತ್ತ ಮೇಷ್ಟ್ರನ್ನು, ಪಿಂಚಣಿಗಾಗಿ ತಾವು ಬದುಕಿದ್ದೇವೆಂದು ಸಾಬೀತು ಮಾಡಲು, ಆಟೋದಲ್ಲಿ ಬ್ಯಾಂಕಿಗೆ ಕರೆದೊಯ್ದಿದ್ದೆ. ಎಂಬತ್ತಾರು ವಯಸ್ಸು, ಬೆರಳಿನ ಗೆರೆಗಳೆಲ್ಲ ಸವೆದಿವೆ. ಮುಪ್ಪೆಂದರೆ ಅದೇ ತಾನೇ? ಯಂತ್ರ ಹತ್ತು ಬೆರಳನ್ನೂ ಒಪ್ಪಲಿಲ್ಲ. ಮನುಷ್ಯ ಎದುರಿಗೆ ನಿಂತು ಏದುಸಿರು ಬಿಡುತ್ತಿದ್ದಾನೆ, ಕುಳಿತವರು ತಲೆಯೆತ್ತದೆ ‘ಮ್ಯಾಚ್ ಆಗುತ್ತಿಲ್ಲ, ನಾಳೆ ಬನ್ನಿ’ ಎನ್ನುತ್ತಾರೆ. ಒಂದು ಕುರ್ಚಿ ಕೊಡಲಿಲ್ಲ. ನಲವತ್ತು ವರ್ಷ ಮಕ್ಕಳಿಗೆ ಕಾಗುಣಿತ ತಿದ್ದಿಸಿದ ಕೈ ಅದು. ನನಗೆ ಹೊಟ್ಟೆ ಉರಿದುಹೋಯಿತು.

ಕಾಟೋ ಕಥೆಯನ್ನು ದಾರಿಯಲ್ಲೇ ಕೇಳಿದ್ದ ಮೇಷ್ಟ್ರು, ವಾಪಸು ಆಟೋ ಹತ್ತುವಾಗ ಬೆರಳು ಒರೆಸಿಕೊಳ್ಳುತ್ತ ಅಂದರು: “ಆ ಜಪಾನಿನವರ ಯಾವ ಬೆರಳನ್ನು ಒತ್ತಿಸುತ್ತಿದ್ದರೋ, ಸ್ವಲ್ಪ ವಿಚಾರಿಸಿ ಹೇಳಪ್ಪ.”