ತಾಲಿಯಾ ಎಂಬ ಇಬ್ಬನಿ

ಹಿತ್ತಾಳೆ ಹರಿವಾಣದಲ್ಲಿ ಬೆಳ್ತಿಗೆ ಅಕ್ಕಿ ಹರಡಿತ್ತು. ಮಗುವಿನ ಅಪ್ಪ ಚಿನ್ನದ ಉಂಗುರ ಹಿಡಿದು ಅಕ್ಕಿಯಲ್ಲಿ ‘ತಾ’ ಎಂದು ಬರೆದ. ಅಲ್ಲಿಗೆ ಕೈ ನಿಂತಿತು. “ಮುಂದೆ ಲಿಯೋ, ಳಿಯೋ?” ಎಂದು ಭಟ್ಟರು ಕೇಳಿದರು. “ಲಿ, ಲಿ” ಎಂದಳು ಮಗುವಿನ ಅಮ್ಮ, ನನ್ನ ತಂಗಿಯ ಮಗಳು, ತೊಟ್ಟಿಲ ಬದಿಯಿಂದಲೇ. ತಾಲಿಯಾ. ಮೂರು ಸಲ ಕಿವಿಯಲ್ಲಿ ಹೇಳಿದ್ದೂ ಆಯಿತು. ಚಾವಡಿಯಲ್ಲಿ ಕೂತಿದ್ದ ನನ್ನ ಅಬ್ಬೆ, ಅಂದರೆ ತಾಯಿ, ಎಂಬತ್ತು ದಾಟಿದವರು, ನನ್ನ ಕೈ ಹಿಡಿದು ಕೇಳಿದರು: “ಕೂಸಿಂಗೆ ಎಂತ ಹೆಸರು ಮಡಗಿದವು? ತಾಳಿಯೋ?”

ಅಬ್ಬೆ ಕೇಳಿದ್ದರಲ್ಲಿ ತಪ್ಪಿಲ್ಲ. ಕನ್ನಡದಲ್ಲಿ ಕೊರಳಿಗೆ ಕಟ್ಟುವುದು ತಾಳಿ. ಮಲಯಾಳದಲ್ಲಿ ಅದಕ್ಕೆ ‘ತಾಲಿ’ ಎಂದೇ ಹೇಳುವುದು, ಇದೇ ‘ಲಿ’ಯಲ್ಲಿ. ಎರಡು ಭಾಷೆಯ ನಡುವೆ ದಿನ ಕಳೆಯುವ ಕಾಸರಗೋಡಿನವರ ಕಿವಿಗೆ ಬೇರೇನು ಕೇಳಬೇಕು?

ಈ ಹೆಸರು ಬಂದದ್ದು ಹೀಗೆ. ಮಗು ಹುಟ್ಟಿದ್ದು ಸ್ವಾತಿ ನಕ್ಷತ್ರದ ನಾಲ್ಕನೇ ಪಾದದಲ್ಲಿ. ರೂ, ರೇ, ರೋ, ತಾ. ನಾಲ್ಕನೆಯದಕ್ಕೆ ‘ತಾ’ ಅಕ್ಷರ. ತಾರಾ ಎಂಬ ಹೆಸರು ಮನೆಯಲ್ಲಿ ಆಗಲೇ ಇದೆ. ಬೆಂಗಳೂರಿನಿಂದ ಬಾಣಂತನಕ್ಕೆ ಬದಿಯಡ್ಕದ ಹತ್ತಿರದ ತವರಿಗೆ ಬಂದಿದ್ದ ಹುಡುಗಿ ರಾತ್ರಿ ಮಗುವಿಗೆ ಹಾಲು ಕೊಡುತ್ತಾ ಫೋನಿನಲ್ಲಿ ಹುಡುಕಿದಳು. ತಾಲಿಯಾ ಸಿಕ್ಕಿತು. ಒಂದು ಕಡೆ ಅದು ಹೀಬ್ರೂ ಎಂದಿತ್ತು. ಇನ್ನೊಂದು ಕಡೆ ಸಂಸ್ಕೃತ ಎಂದಿತ್ತು. “ಯಾವುದು ಸರಿ ಮಾವ?” ಎಂದು ನನ್ನನ್ನು ಕೇಳಿದಳು. ನಾಲ್ಕು ದಿನ ಕೂತು ಓದಿದೆ. ಓದಿದ ಮೇಲೆ ಅವಳ ಪಕ್ಷ ಸೇರಿದೆ.

ಹೀಬ್ರೂವಿನಲ್ಲಿ ‘ತಾಲ್’ ಅಂದರೆ ಇಬ್ಬನಿ. ‘ಯಾ’ ಎಂಬುದು ದೇವರ ಹೆಸರಿನ ಚಿಕ್ಕ ರೂಪ. ‘ಹಲ್ಲೆಲೂಯಾ’ ಎಂದು ಹಾಡುವುದನ್ನು ಕೇಳಿದ್ದೇವಲ್ಲ, ಅದರ ಕೊನೆಯಲ್ಲಿ ಇರುವುದು ಇದೇ ‘ಯಾ’. ಆ ದೇವರನ್ನು ಹೊಗಳಿರಿ ಎಂದು ಅದರ ಅರ್ಥ. ಎರಡನ್ನೂ ಸೇರಿಸಿದರೆ ತಾಲಿಯಾ, ದೇವರ ಇಬ್ಬನಿ. ಇಸ್ರೇಲಿನಲ್ಲಿ ತಾಲ್ಯಾ ಎಂದೂ ಕರೆಯುತ್ತಾರೆ. ಸಂಸ್ಕೃತಕ್ಕೂ ಇದಕ್ಕೂ ಸಂಬಂಧ ಇಲ್ಲ.

ಬೈಬಲಿನಲ್ಲಿ ತಾಲಿಯಾ ಎಂಬ ಹೆಂಗಸು ಇಲ್ಲ. ಇಬ್ಬನಿಯ ಹೆಸರಿನ ಬೇರೆ ಇಬ್ಬರು ಇದ್ದಾರೆ. ದಾವೀದನ ಹೆಂಡತಿಯರಲ್ಲಿ ಒಬ್ಬಳು ಅವೀಟಲ್. ಯೆಹೂದದ ಕೊನೆಯ ಅರಸು ಚಿದ್ಕೀಯನ ತಾಯಿ ಹಮೂಟಲ್. ಆ ಎರಡು ಹೆಸರಿನ ಬಾಲದಲ್ಲೂ ಇದೇ ‘ತಾಲ್’ ಕೂತಿದೆ. ತಾಲಿಯಾ ಮಾತ್ರ ಈಚೆಗೆ ಚಾಲ್ತಿಗೆ ಬಂದ ಹೆಸರು. ಹಳೇ ಮಾತನ್ನು ಹೊಸ ಕಾಲದ ಮಕ್ಕಳಿಗೆ ಇಟ್ಟದ್ದು.

ಅರ್ಥವನ್ನು ಅಬ್ಬೆಗೆ ಹೇಳಿದೆ. ಅವರ ಮುಖ ಇನ್ನೂ ಸಣ್ಣದಾಯಿತು. “ಮಂಜಿನ ಹೆಸರಾ? ತಲೆಗೆ ಮಂಜು ಬಿದ್ದರೆ ಕೂಸಿಂಗೆ ಶೀತ ಅಕ್ಕು.”

ಇದು ಸುಮ್ನೆ ತಳ್ಳಿಹಾಕುವ ಮಾತಲ್ಲ. ನಮ್ಮಲ್ಲಿ ವರ್ಷಕ್ಕೆ 3,500 ಮಿಲಿಮೀಟರಿನಷ್ಟು ಮಳೆ ಬೀಳುತ್ತದೆ. ನೀರಿಗಾಗಿ ಇಬ್ಬನಿಯ ಕಡೆ ನೋಡುವ ಗತಿ ನಮಗೆ ಬರಲಿಲ್ಲ. ಮಂಜು ಅಂದರೆ ನಮಗೆ ಉಪದ್ರವೇ ಜಾಸ್ತಿ. ಜಾಲಿನಲ್ಲಿ, ಅಂದರೆ ಅಂಗಳದಲ್ಲಿ, ಸುಮಾರು 40 ದಿನ ಒಣಗಬೇಕಾದ ಅಡಕೆಗೆ ಮಂಜು ತಾಗಬಾರದು ಎಂದು ಸಂಜೆ ಟರ್ಪಾಲು ಎಳೆಯುತ್ತೇವೆ. ಧನು ತಿಂಗಳಲ್ಲಿ ಮೋಡ, ಮಂಜು ಕವಿದರೆ ಗೇರಿನ ಹೂವು ಕರಟುತ್ತದೆ, ಮಾವಿನ ಹೂವು ಉದುರುತ್ತದೆ ಎಂದು ಚಿಂತೆ. ತುಳುವಿನಲ್ಲಿ ಇಬ್ಬನಿಗೆ ‘ಮೈಂದ್’ ಎಂಬ ಚಂದದ ಶಬ್ದ ಇದೆ. ಅದನ್ನು ಹೆಣ್ಣುಮಗಳಿಗೆ ಹೆಸರಾಗಿ ಇಟ್ಟವರನ್ನು ನಾನು ಕಂಡಿಲ್ಲ. ಮಳೆಯನ್ನಾದರೆ ಇಟ್ಟಿದ್ದೇವೆ. ಮನೆಗೊಬ್ಬಳು ವರ್ಷಾ ಇದ್ದ ಕಾಲ ಇತ್ತು.

ಆ ದೇಶದ ಕಥೆ ಬೇರೆ. ಜೆರುಸಲೇಮಿನಲ್ಲಿ ವರ್ಷದ ಮಳೆ 550 ಮಿಲಿಮೀಟರಿನ ಆಸುಪಾಸು. ನಮ್ಮಲ್ಲಿ ಅದು ಜಡಿಮಳೆಯ ಆಟಿ ತಿಂಗಳ ಒಂದು ಪಾಲು. ಆ ಮಳೆಯೂ ಚಳಿಗಾಲದಲ್ಲಿ ಬರುತ್ತದೆ. ಏಪ್ರಿಲ್ ಕಳೆದ ಮೇಲೆ ಅಕ್ಟೋಬರಿನವರೆಗೆ ಆಕಾಶ ಒಣಗಿಯೇ ಇರುತ್ತದೆ. ಆ ತಿಂಗಳುಗಳಲ್ಲಿ ಮೇಲಿನಿಂದ ಇಳಿಯುವ ನೀರು ಅಂದರೆ ರಾತ್ರಿಯ ಇಬ್ಬನಿ ಮಾತ್ರ. ಅದಕ್ಕೇ ಮಳೆ ಮುಗಿಯುವ ಹೊತ್ತಿಗೆ ಬರುವ ಪಸ್ಕ ಹಬ್ಬದ ಮೊದಲ ದಿನ ಯಹೂದಿಗಳು ಇಬ್ಬನಿಗಾಗಿ ಪ್ರಾರ್ಥನೆ ಮಾಡುತ್ತಾರೆ. ‘ತೆಫಿಲ್ಲತ್ ತಾಲ್’ ಎಂದು ಅದಕ್ಕೆ ಹೆಸರೇ ಇದೆ. ಮಳೆಯ ಪ್ರಾರ್ಥನೆ ಬೇರೆ, ಅದು ಶರತ್ಕಾಲದ ಹಬ್ಬಕ್ಕೆ. ಮರುಭೂಮಿಯಲ್ಲಿ ಅವರಿಗೆ ಸಿಕ್ಕಿದ ಮನ್ನ ಎಂಬ ಆಹಾರವೂ ಇಬ್ಬನಿಯ ಜೊತೆಗೇ ಇಳಿಯಿತು ಎಂದು ಬೈಬಲ್ ಹೇಳುತ್ತದೆ. ಹೀಗೆ ಕಾದು ಕೂತವರು ಮಗಳಿಗೆ ಇಬ್ಬನಿ ಎಂದು ಹೆಸರಿಟ್ಟರೆ, ಅದರ ತೂಕ ಎಷ್ಟು ಎಂದು ನಾವು ಮಳೆಯವರು ಸ್ವಲ್ಪ ನಿಂತು ಯೋಚಿಸಬೇಕು.

ನಮ್ಮಲ್ಲೂ ಒಂದು ಹನಿಯ ಕಥೆ ಇದೆಯಲ್ಲ. ಸ್ವಾತಿ ಮಳೆಯ ಹನಿ ಚಿಪ್ಪಿನ ಬಾಯಿಗೆ ಬಿದ್ದರೆ ಮುತ್ತಾಗುತ್ತದೆ ಎಂದು ಹಿರಿಯರ ಮಾತು. ಸ್ವಾತಿಯಲ್ಲಿ ಹುಟ್ಟಿದ ಕೂಸಿಗೆ ಹನಿಯ ಹೆಸರು ತಾನಾಗಿ ಒದಗಿತು. ತಂಗಿಯ ಮಗಳಿಗೆ ಇದು ಹೊಳೆದಿರಲಿಲ್ಲ. ಹೇಳಿದಾಗ ಅವಳ ಕಣ್ಣು ತುಂಬಿತು.

ಇದೇ ಉಚ್ಚಾರಕ್ಕೆ ಹತ್ತಿರದ ಬೇರೆ ಹೆಸರು, ಶಬ್ದಗಳೂ ಇವೆ. ಯೇಸು ಆಡುತ್ತಿದ್ದ ಅರಾಮಿಕ್ ಭಾಷೆ ಹೀಬ್ರೂವಿನ ತಂಗಿ. ಅದರಲ್ಲಿ ‘ತಲ್ಯಾ’ ಅಂದರೆ ಕುರಿಮರಿ, ಎಳೆಯ ಹುಡುಗ. ‘ತಲಿಥಾ’ ಅಂದರೆ ಪುಟ್ಟ ಹುಡುಗಿ. ಮಾರ್ಕನ ಸುವಾರ್ತೆಯಲ್ಲಿ ಹನ್ನೆರಡು ವರ್ಷದ ಹುಡುಗಿಯೊಬ್ಬಳು ಸತ್ತಳೆಂದು ಮನೆಯವರು ಅಳುತ್ತಿರುವಾಗ, ಯೇಸು ಅವಳ ಕೈ ಹಿಡಿದು ‘ತಲಿಥಾ ಕೂಮ್’ ಎನ್ನುತ್ತಾನೆ. ಹವ್ಯಕರ ಮನೆಮಾತಿನಲ್ಲಿ ಹುಡುಗಿಗೆ ಕೂಸು ಎನ್ನುತ್ತೇವೆ. ಆ ಎರಡು ಶಬ್ದವನ್ನು ನಮ್ಮ ಮನೆಯಲ್ಲಿ ಹೇಳುವುದಾದರೆ ‘ಏಳು ಕೂಸೆ’, ಅಷ್ಟೇ. ಗ್ರೀಕರ ಥಾಲಿಯಾ ಬೇರೆಯೇ. ಅವಳು ಕಲೆಯ ದೇವತೆಗಳಲ್ಲಿ ಒಬ್ಬಳು, ಹೆಸರಿಗೆ ಅರಳುವುದು ಎಂಬ ಅರ್ಥ. ರಷ್ಯದ ಕಡೆ ನತಾಲಿಯಾ ಎಂಬ ಹೆಸರನ್ನು ತುಂಡು ಮಾಡಿಯೂ ತಾಲ್ಯಾ ಎನ್ನುತ್ತಾರೆ. ಉಚ್ಚಾರ ಹತ್ತಿರ ಬಂತೆಂದು ಎಲ್ಲವನ್ನೂ ಒಂದೇ ಮಾಡಬಾರದು.

ನೆಂಟರಲ್ಲಿ ಒಬ್ಬರು ಜೋರಾಗಿಯೇ ಕೇಳಿದರು: “ನಮ್ಮೂರಿಗೆ ಹೀಬ್ರೂ ಹೆಸರು ಯಾಕೆ?” ನಾನು ಅವರಿಗೆ ಹೇಳಿದ್ದು ಇಷ್ಟು. ಹೀಬ್ರೂ ಹೆಸರು ನಮ್ಮೂರಿಗೆ ಹೊಸತಲ್ಲ, ಅದು ಹೀಬ್ರೂ ಎಂಬುದನ್ನು ನಾವು ಮರೆತಿದ್ದೇವೆ. ಕಾಸರಗೋಡಿನ ಗುಡ್ಡದ ಕಡೆಗೆ 1940ರ ದಶಕದಲ್ಲಿ ತಿರುವಾಂಕೂರಿನಿಂದ ಬಂದು ಕಾಡು ಕಡಿದು ಬೇಸಾಯ ಮಾಡಿದ ಕ್ರೈಸ್ತರಿದ್ದಾರೆ. ಅವರ ಚಾಕೊ ಅಂದರೆ ಯಾಕೋಬ. ಸೋಸಮ್ಮ ಅಂದರೆ ಶೋಶನ್ನಾ, ಹೀಬ್ರೂವಿನಲ್ಲಿ ಅದು ಒಂದು ಹೂವಿನ ಹೆಸರು. ಅನ್ನಮ್ಮ ಅಂದರೆ ಹನ್ನಾ, ಕೃಪೆ. ಹೊರಗಿನ ಹೆಸರಿಗೆ ನಮ್ಮ ‘ಅಮ್ಮ’ನನ್ನು ಸೇರಿಸಿ ಒಳಗೆ ಕರೆದುಕೊಂಡದ್ದು ನನಗೆ ತುಂಬಾ ಇಷ್ಟ. ನಮ್ಮ ಕರಾವಳಿಯ ಮುಸ್ಲಿಮರಾದ ಬ್ಯಾರಿಗಳ ಮನೆಯ ಹವ್ವಾ, ಮರಿಯಮ್, ಮೂಸಾ, ಯಾಕೂಬ್ ಕೂಡ ಅರಬ್ಬಿಯ ದಾರಿಯಲ್ಲಿ ಬಂದ ಇದೇ ಬಳಗ. ದೊಡ್ಡ ಮಗನಿಗೆ ಅಜ್ಜನ ಹೆಸರು ಎಂಬ ಪದ್ಧತಿ ಹವ್ಯಕರಲ್ಲಿ ಇದ್ದ ಹಾಗೆ ಆ ಗುಡ್ಡದ ಕಡೆಯ ಸಿರಿಯನ್ ಕ್ರೈಸ್ತರಲ್ಲೂ ಇದೆ. ಮಂಜೇಶ್ವರದ ಗೋವಿಂದ ಪೈಗಳು ಕ್ರಿಸ್ತನ ಕೊನೆಯ ದಿನವನ್ನು ಕನ್ನಡ ಕಾವ್ಯವಾಗಿ ಬರೆದು ‘ಗೊಲ್ಗೊಥಾ’ ಎಂದು ಹೆಸರಿಟ್ಟರು. ಅದು ತಲೆಬುರುಡೆ ಎಂಬ ಅರ್ಥದ ಅರಾಮಿಕ್ ಶಬ್ದ. ಅದರಿಂದ ಕನ್ನಡಕ್ಕೆ ಏನೂ ಕಡಿಮೆ ಆಗಲಿಲ್ಲ.

ಇನ್ನೂ ಹಿಂದಕ್ಕೆ ಹೋಗಬಹುದು. ಹನ್ನೆರಡನೇ ಶತಮಾನದಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಯಹೂದಿ ವ್ಯಾಪಾರಿ ಮಂಗಳೂರಿನಲ್ಲಿ ಹಲವು ವರ್ಷ ಇದ್ದ. ಅವನ ಕಾಗದಪತ್ರಗಳು ಕೈರೋದ ಹಳೆಯ ಸಿನಗಾಗಿನಲ್ಲಿ, ಅಂದರೆ ಯಹೂದಿಗಳ ಪ್ರಾರ್ಥನಾಮಂದಿರದಲ್ಲಿ, ಸಿಕ್ಕಿವೆ. ಅಶು ಎಂಬ ಹೆಣ್ಣನ್ನು ಅವನು 1132ರ ಅಕ್ಟೋಬರಿನಲ್ಲಿ ಮಂಗಳೂರಿನಲ್ಲೇ ದಾಸ್ಯದಿಂದ ಬಿಡಿಸಿದ. ಅವಳಿಗೆ ‘ಬೆರಾಖಾ’ ಎಂಬ ಹೀಬ್ರೂ ಹೆಸರು ಇಟ್ಟರು, ಆಶೀರ್ವಾದ ಎಂದು ಅರ್ಥ. ಅವಳನ್ನೇ ಅವನು ಮದುವೆಯಾದ ಎಂದು ವಿದ್ವಾಂಸರು ಹೇಳುತ್ತಾರೆ. ನಮ್ಮ ಕರಾವಳಿಯಲ್ಲಿ ಒಂದು ಹೆಣ್ಣಿಗೆ ಹೀಬ್ರೂ ಹೆಸರು ಬಂದು ಒಂಬೈನೂರು ವರ್ಷ ಆಗುತ್ತಾ ಬಂತು. ಆ ಹೆಸರು ಬೇಕೋ ಎಂದು ಅಶುವನ್ನು ಯಾರಾದರೂ ಕೇಳಿದ್ದರೇ ಎಂಬ ಪ್ರಶ್ನೆ ನನ್ನನ್ನು ಬಿಡುವುದಿಲ್ಲ. ನಮ್ಮ ಕೂಸಿಗೆ ಇದನ್ನು ಇಟ್ಟವರು ಅವಳ ಅಪ್ಪ ಅಮ್ಮ, ಪ್ರೀತಿಯಿಂದ ಆರಿಸಿ ಇಟ್ಟದ್ದು. ಆ ವ್ಯತ್ಯಾಸ ದೊಡ್ಡದು.

ಹಾಗಾದರೆ ನನಗೆ ತಕರಾರೇ ಇಲ್ಲವೇ? ಇದೆ. ಹೆಸರನ್ನು ತರುವವರು ಅದರ ಅರ್ಥ ಮತ್ತು ಉಚ್ಚಾರವನ್ನೂ ಜೊತೆಗೆ ತರಬೇಕು. ಎಲ್ಲಿಂದ ಬಂತೋ ಅಲ್ಲಿನದೇ ಎಂದು ಹೇಳಬೇಕು. ತಾಲಿಯಾ ಸಂಸ್ಕೃತ ಎಂದು ಬರೆದವರು ಹೀಬ್ರೂವಿಗೂ ಸಂಸ್ಕೃತಕ್ಕೂ ಅನ್ಯಾಯ ಮಾಡಿದರು. ನಾಳೆ ಈ ಹುಡುಗಿ ದೊಡ್ಡವಳಾಗಿ ಯಾರೋ ಅರ್ಥ ಕೇಳಿದಾಗ ತಪ್ಪು ಹೇಳಿ ತಲೆ ತಗ್ಗಿಸಬೇಕೇ?

ಇದು ನನಗೆ ಇಷ್ಟು ತಾಗುವುದಕ್ಕೆ ಕಾರಣ ಇದೆ. ನಾವು ಕಾಸರಗೋಡಿನವರು ಊರು ಬಿಟ್ಟು ಹೊರನಾಡಿಗೆ ಹೋದವರಲ್ಲ. 1956ರ ನವೆಂಬರ್ 1ರಂದು ಮನೆ ಅಲ್ಲೇ ಇತ್ತು, ರಾಜ್ಯ ಬೇರೆಯಾಯಿತು. ಅಂದಿನಿಂದ ಹೆಸರು ಬದಲಾಗುವ ನೋವು ನಮಗೆ ಗೊತ್ತು. ನನ್ನ ಅಜ್ಜ ನಾರಾಯಣ, ಒಂದು ಕಚೇರಿಯ ಕಾಗದದಲ್ಲಿ ನಾರಾಯಣನ್ ಆದರು. ಅದನ್ನು ಸರಿ ಮಾಡಿಸಲು ಅಪ್ಪ ಎರಡು ವರ್ಷ ಓಡಾಡಿದರು. ಪಿಲಿಕುಂಜೆ ಪುಲಿಕುನ್ನು ಆಗುತ್ತದೆ, ಕುಂಬಳೆಯನ್ನು ಕುಂಬಳ ಎನ್ನುತ್ತಾರೆ. ಕನ್ನಡದ ಊರ ಹೆಸರುಗಳನ್ನು ಬದಲಿಸುತ್ತಾರೆ ಎಂಬ ಸುದ್ದಿ 2021ರಲ್ಲಿ ಹಬ್ಬಿದಾಗ ನಮ್ಮವರ ಹೊಟ್ಟೆ ಎಷ್ಟು ಉರಿಯಿತು! ನಮ್ಮ ಹೆಸರು ಇನ್ನೊಬ್ಬರ ಬಾಯಲ್ಲಿ ಸರಿಯಾಗಿ ಬರಲಿ ಎಂದು ಕೇಳುವ ನಾವು, ಇನ್ನೊಬ್ಬರ ಭಾಷೆಯ ಹೆಸರನ್ನು ಮನೆಗೆ ತಂದಾಗ ಅಷ್ಟೇ ಜಾಗ್ರತೆ ತೋರಿಸಬೇಡವೇ? ಜನನ ಪ್ರಮಾಣಪತ್ರಕ್ಕೆ ಹೆಸರು ಸೇರಿಸಲು ಹೋದಾಗ ಮಲಯಾಳದಲ್ಲಿ ‘ತಾಲಿಯ’ ಎಂದು ಗಿಡ್ಡ ಮಾಡಿ ಬರೆದಿದ್ದರು. ದೀರ್ಘ ಹಾಕಿ ಎಂದು ನಾನು ಕೇಳಿದೆ. ಆ ದೀರ್ಘ ಇರುವುದು ದೇವರ ಹೆಸರಿನಲ್ಲಿ ಎಂದು ವಿವರಿಸಿದೆ. ಅಲ್ಲಿದ್ದ ಹುಡುಗಿ ನಕ್ಕು ಸರಿ ಮಾಡಿಕೊಟ್ಟಳು.

ಕನ್ನಡದ ಬಗ್ಗೆಯೂ ಒಂದು ಮಾತು. ಹೀಬ್ರೂ ಬಹಳ ಕಾಲ ಪ್ರಾರ್ಥನೆಯ, ಗ್ರಂಥದ ಭಾಷೆಯಾಗಿ ಉಳಿದಿತ್ತು. ಮನೆಯ ಮಾತಾಗಿರಲಿಲ್ಲ. ಎಲಿಯೆಜರ್ ಬೆನ್ ಯೆಹೂದಾ ಎಂಬವರು 1882ರಲ್ಲಿ ಹುಟ್ಟಿದ ತಮ್ಮ ಮಗನ ಹತ್ತಿರ ಹೀಬ್ರೂ ಬಿಟ್ಟು ಬೇರೆ ಮಾತಾಡುವುದಿಲ್ಲ ಎಂದು ಹಟ ಹಿಡಿದರು. ಭಾಷೆ ಅಡುಗೆಮನೆಗೆ ಬಂದ ಮೇಲೆ ಹೆಸರುಗಳೂ ಬದಲಾದವು. ಇಲಾನಾ ಅಂದರೆ ಮರ, ಅವೀವಾ ಅಂದರೆ ವಸಂತ, ವೆರೆದ್ ಅಂದರೆ ಗುಲಾಬಿ, ತಾಲ್ ಅಂದರೆ ಇಬ್ಬನಿ. ದಿನಬಳಕೆಯ ಮಾತನ್ನು ಮಕ್ಕಳ ಹೆಸರಾಗಿ ಇಡುವ ಧೈರ್ಯ ಅದು. ನಮ್ಮ ಶಾಲೆಗಳಲ್ಲಿ ಕನ್ನಡ ಮಕ್ಕಳು ಕಡಿಮೆಯಾಗುತ್ತಿರುವ ಈ ಊರಿಗೆ ಆ ಧೈರ್ಯ ಬೇಕು. ಇಂಚರ, ಚುಕ್ಕಿ, ಮುಗಿಲು, ಇಬ್ಬನಿ ಎಂದು ಕರ್ನಾಟಕದಲ್ಲಿ ಇಡುತ್ತಿದ್ದಾರೆ. ನಮ್ಮಲ್ಲಿ ಇನ್ನೂ ಅಪರೂಪ.

ಅದಕ್ಕೆ ತಂಗಿಯ ಮಗಳಿಗೆ ಹೇಳಿದೆ: ಕಾಗದದಲ್ಲಿ ತಾಲಿಯಾ ಇರಲಿ, ಮನೆಯಲ್ಲಿ ಇಬ್ಬನಿ ಎಂದೂ ಕರೆಯೋಣ. ಹೊರದೇಶಗಳಲ್ಲಿ ಇದ್ದ ಯಹೂದಿಗಳು ಪ್ರಾರ್ಥನೆಗೆ ಹೀಬ್ರೂ ಹೆಸರು, ಪೇಟೆಗೆ ಆ ಊರಿನ ಹೆಸರು ಎಂದು ಎರಡು ಇಟ್ಟುಕೊಳ್ಳುತ್ತಿದ್ದರು. ನಮ್ಮಲ್ಲೂ ಜಾತಕಕ್ಕೊಂದು, ಕರೆಯುವುದಕ್ಕೊಂದು ಇದ್ದೇ ಇದೆಯಲ್ಲ. ಅವಳು ಒಪ್ಪಿದಳು.

ಮೊನ್ನೆ ಬೆಳಿಗ್ಗೆ ಹೋದಾಗ ಅಡಕೆ ಸೋಗೆಯಿಂದ ಇಬ್ಬನಿ ತೊಟ್ಟಿಕ್ಕುತ್ತಿತ್ತು, ಟರ್ಪಾಲಿನ ಗುಂಡಿಯಲ್ಲಿ ಒಂದು ಬೊಗಸೆ ನೀರು ನಿಂತಿತ್ತು. ಮಗಳ ಮನೆಗೆ ಬಂದಿದ್ದ ಅಬ್ಬೆ ಮಗುವಿನ ತಲೆಗೆ ಬಿಗಿಯಾಗಿ ಬಟ್ಟೆ ಕಟ್ಟಿ, ತೊಟ್ಟಿಲ ಹಗ್ಗ ಹಿಡಿದು ಕೂತಿದ್ದರು. ನಾನು ಬಂದದ್ದು ಅವರಿಗೆ ಗೊತ್ತಾಗಲಿಲ್ಲ.

“ಏಳು ಕೂಸೆ, ಬೆಳಗಾತು” ಎಂದರು. ಸ್ವಲ್ಪ ತಡೆದು, “ತಾಲಿಯಾ, ಏಳು.” ‘ಲಿ’ ಸರಿಯಾಗಿಯೇ ಬಂತು. ದೀರ್ಘವೂ ಬಂತು.