ಎಲ್ಲದೀರಿ ಸರ?

ಟ್ಯಾಕ್ಸಿ ಬುಕ್ ಮಾಡಿ ಫೋನು ಜೇಬಿಗಿಡುವಷ್ಟರಲ್ಲಿ ಡ್ರೈವರ್ ಫೋನ್ ಬರುತ್ತದೆ. "ಎಲ್ಲದೀರಿ ಸರ?" ನಾನು ನಿಂತ ಜಾಗ ಮ್ಯಾಪಿನಲ್ಲಿ ಮೊಳೆ ಹೊಡೆದಂತೆ ಕಾಣುತ್ತಿರುತ್ತದೆ. ಆದರೂ ಕೇಳಬೇಕು. ಆಮೇಲೆ "ಡ್ರಾಪ್ ಎಲ್ಲಿಗ್ರಿ?" ಆಮೇಲೆ "ಕ್ಯಾಶ್ ಏನ್ರಿ, ಆನ್‌ಲೈನ್ ಏನ್ರಿ?" ನನಗೆ ಸಿಟ್ಟು ಬರುವುದು ಮೊದಲನೆಯದಕ್ಕೇ.

ಹೋದ ಏಪ್ರಿಲ್‌ನಲ್ಲಿ ಹುಬ್ಬಳ್ಳಿ ಸ್ಟೇಷನ್ನಿನಲ್ಲಿ ಇಳಿದಿದ್ದೆ. ನಮ್ಮ ಪ್ಲಾಟ್‌ಫಾರ್ಮ್ 1,507 ಮೀಟರ್, ಜಗತ್ತಿಗೇ ಉದ್ದ ಅಂತ 2023ರಲ್ಲಿ ಉದ್ಘಾಟನೆಯಾದಾಗ ಬೆಂಗಳೂರಿನ ನೆಂಟರಿಗೆಲ್ಲ ಫೋನ್ ಮಾಡಿ ಹೇಳಿದವನು ನಾನು. ಸೂಟ್‌ಕೇಸ್ ಎಳೆಯುವಾಗ ಆ ಹೆಮ್ಮೆ ಅರ್ಧ ದಾರಿಗೇ ಮುಗಿಯಿತು.

"ಸ್ಟೇಷನ್ ಬಾಗಿಲಲ್ಲೇ ಇದ್ದೇನ್ರಿ."

"ಯಾವ ಬಾಗಿಲ್ರಿ?"

ನಾನು ಗದಗ ರಸ್ತೆ ಕಡೆ, ಅವರು ಮುಂದಿನ ಬಾಗಿಲಲ್ಲಿ. "ಅಲ್ಲೇ ಇರ್ರಿ, ಬಂದೆ" ಅಂದರು. ಪಾಪ, ಸುಮ್ನೆ ಯಾಕೆ ಸುತ್ತಬೇಕು ಅಂತ ನಾನೇ ಮುಂದಿನ ಬಾಗಿಲಿಗೆ ನಡೆದೆ. ಅಷ್ಟರಲ್ಲಿ ಅವರು ಸುತ್ತಿಕೊಂಡು ಗದಗ ರಸ್ತೆಗೆ ಬಂದಿದ್ದರು.

"ಎಲ್ಲದೀರಿ ಸರ?"

ಈ ಸಲ ಪ್ರಶ್ನೆಯಲ್ಲಿ ನ್ಯಾಯವಿತ್ತು.

ಕೊನೆಗೆ ಕಾರು ಸಿಕ್ಕಾಗ ಅವರ ತೊಡೆ ಮೇಲೆ ಬುತ್ತಿ. ಕಟಕ್ ಅಂತ ಮುರಿಯುವ ಜೋಳದ ರೊಟ್ಟಿ, ಶೇಂಗಾ ಹಿಂಡಿ, ಅಂಚಿಗೊಂದು ಉಳ್ಳಾಗಡ್ಡಿ. ಆಗ ನಾಲ್ಕು ಗಂಟೆ. "ಮುಂಜಾನೆಯಿಂದ ಮೂರ್ ಸಲ ಬಿಚ್ಚೇನ್ರಿ. ಬಿಚ್ಚಿದ ಕೂಡ್ಲೆ ಡ್ಯೂಟಿ ಬೀಳ್ತೈತಿ." ಉಣ್ರಿ ಅಂದೆ. ಅರ್ಧ ರೊಟ್ಟಿಗೆ ಹಿಂಡಿ ಹಚ್ಚಿ ನನ್ನ ಕೈಗೇ ಕೊಟ್ಟರು. ಬೇಡ ಅನ್ನಲು ಬಾಯಿ ತೆರೆದವನು ತಿಂದೇ ಮುಚ್ಚಿದೆ.

ಧಾರವಾಡಕ್ಕೆ ಹೊರಟೆವು. ಎಸಿ ಹಾಕ್ರಿ ಅಂದೆ. "ಗ್ಲಾಸ್ ಇಳಸ್ರಿ ಸರ, ಉಣಕಲ್ ಕೆರಿ ಗಾಳಿ ಎಸಿಗಿಂತ ಚಲೋ." ಕೆರೆ ಬರಲು ಇನ್ನೂ ಹೊಸೂರು, ವಿದ್ಯಾನಗರ ದಾಟಬೇಕು. ಅದುವರೆಗೆ ಬರೀ ಲಾರಿ ಹೊಗೆ. ಪಕ್ಕದಲ್ಲಿ ಹುಬ್ಬಳ್ಳಿ-ಧಾರವಾಡದ ಎಸಿ ಚಿಗರಿ ಬಸ್ಸು ತನಗೆಂದೇ ಬಿಟ್ಟ ದಾರಿಯಲ್ಲಿ ಸುಯ್ಯಂತ ಹೋಯಿತು. ಒಳಗಿದ್ದವರು ತಣ್ಣಗೆ ನಮ್ಮನ್ನು ನೋಡಿದರು. "ಅದಕ್ಕ ರೋಡ್ ಕೊಟ್ರು, ನಮಗ ಸಿಗ್ನಲ್ ಕೊಟ್ರು" ಅಂದರು ಡ್ರೈವರ್. ರೊಟ್ಟಿ ತಿಂದ ಋಣಕ್ಕೆ ನಾನೂ ಬಸ್ಸಿಗೆ ಎರಡು ಬೈದೆ.

ಧಾರವಾಡದಲ್ಲಿ ಇಳಿಯುವಾಗ ಹಳೇ ರಾಗ ಬಂತು. "ವಾಪಸ್ ಖಾಲಿ ಹೋಗಬೇಕ್ರಿ, ನೂರು ಜಾಸ್ತಿ ಮಾಡಿ ಕೊಡ್ರಿ." ಇರೋದೇ 20 ಕಿಲೋಮೀಟರ್, ಯಾಕೆ ಕೊಡಬೇಕು? ಬೇರೆ ದಿನವಾಗಿದ್ದರೆ ಗೇಟಿನ ಮುಂದೆಯೇ ಜಗಳ ಆಗುತ್ತಿತ್ತು. ಕೊಟ್ಟೆ.

ಅರ್ಧ ರೊಟ್ಟಿಗೆ ನೂರು ರೂಪಾಯಿನಾ ಅಂದಳು ಹೆಂಡತಿ.

ಹಿಂಡಿನೂ ಇತ್ತು ಅಂದೆ.